ಸೇಬಿನ ದೃಶ್ಯಕ್ಕೆ ಸಬ್‌ಟೈಟಲ್ ಹಾಕಲು ಹೋಗಿ

ಕೆಲಸಕ್ಕೆಂದು ಕಲಿತ ಚೀನೀ ಭಾಷೆ ಮರೆತುಹೋಗಬಾರದು ಅಂತ ಸುಮ್ನೆ ಶುರು ಮಾಡಿದ್ದು. 1956ರ ‘ಶಾಂಗ್‌ಗಾನ್‌ಲಿಂಗ್’ ಸಿನಿಮಾಕ್ಕೆ ಕನ್ನಡ ಸಬ್‌ಟೈಟಲ್ ಹಾಕಿ ಮನೆಯಲ್ಲಿ ನಾಲ್ಕು ಜನಕ್ಕೆ ತೋರಿಸೋಣ ಅಂದುಕೊಂಡೆ. ಕೊರಿಯಾ ಯುದ್ಧದ ಕತೆ ಅದು. 1952ರ ಕೊನೆಯಲ್ಲಿ ಎರಡು ಗುಡ್ಡಗಳಿಗಾಗಿ, ಚೀನೀಯರ ಲೆಕ್ಕದಲ್ಲಿ 43 ದಿನ ಕಾದಾಡಿದ್ದು.

ಚಿತ್ರಕಥೆ ಬರೆದವರು ನಾಲ್ವರು. ಅವರಲ್ಲಿ ನನ್ನನ್ನು ಹಿಡಿದದ್ದು ಲಿನ್ ಶಾನ್. ಶಾ ಮೆಂಗ್ ಜೊತೆ ಸೇರಿ ನಿರ್ದೇಶನವನ್ನೂ ಮಾಡಿದವರು. ಇದಕ್ಕೆ ಮೊದಲು, 1950ರಲ್ಲಿ, ‘ಲಿಯು ಹುಲಾನ್’ ಬರೆದಿದ್ದರು. ಹದಿಹರೆಯದಲ್ಲೇ ಕೊಲೆಯಾದ ಹಳ್ಳಿ ಹುಡುಗಿಯ ಕತೆ. ಆಮೇಲೆ 1958ರಲ್ಲಿ ‘ಪಕ್ಷದ ಮಗಳು’. ಹೆಸರು ಕೇಳಿದರೇ ಗೊತ್ತಾಗುತ್ತದೆ, ಪ್ರಚಾರ ಇದ್ದೇ ಇದೆ. ಆದರೆ ಮಾತು ಎಲ್ಲಿ ನಿಲ್ಲಿಸಬೇಕು ಅನ್ನೋದು ಈ ಮನುಷ್ಯನಿಗೆ ಗೊತ್ತಿತ್ತು. ನನಗೆ ಗೊತ್ತಿರಲಿಲ್ಲ.

ಮೊದಲ ತಲೆನೋವು ‘ಲಿಯಾನ್‌ಝಾಂಗ್’. ಸೇನೆಯಲ್ಲಿ ‘ಕಂಪನಿ’ ಅನ್ನೋ ತುಕಡಿಯ ಮುಖ್ಯಸ್ಥ. ಸೈನಿಕರು ಅವನನ್ನು ಹೆಸರು ಹಿಡಿದು ಕರೆಯುವುದಿಲ್ಲ, ಹುದ್ದೆಯಿಂದಲೇ ಕೂಗುತ್ತಾರೆ. ಚೀನಿಯಲ್ಲಿ ಎರಡೇ ಅಕ್ಷರ. ‘ಕಂಪನಿ ಕಮಾಂಡರ್’ ಅಂತ ಹಾಕಿದರೆ ಓದಿ ಮುಗಿಸುವಷ್ಟರಲ್ಲಿ ಗುಂಡು ಹಾರಿರುತ್ತದೆ. ನಮ್ಮ ಬೀದಿಯ ನಿವೃತ್ತ ಸುಬೇದಾರರನ್ನು ಕೇಳಿದೆ. “ನಾವು ಸಾಬ್ ಅಂತಿದ್ವಿ, ಹಾಗೇ ಹಾಕ್ರೀ” ಅಂದರು. ಕೆಂಪು ಸೈನ್ಯದಲ್ಲಿ ಸಾಬ್? ಕೊನೆಗೆ ಬರೀ ‘ಕಮಾಂಡರ್’ ಮಾಡಿದೆ. ಈಗಲೂ ಅಷ್ಟು ಸಮಾಧಾನ ಇಲ್ಲ.

ಸೈನಿಕರು ಅಡಗಿ ಕೂತ ಸುರಂಗದೊಳಗೆ ನರ್ಸ್ ಹಾಡುವ ಹಾಡು ಚೀನಾದಲ್ಲಿ ಎಲ್ಲರಿಗೂ ಬಾಯಿಪಾಠ. ಬರೆದವರು ಚಿಯಾವೊ ಯು. ಅದು ಶುರುವಾಗುವುದೇ ಒಂದು ದೊಡ್ಡ ನದಿಯಿಂದ. ಯಾಂಗ್‌ಟ್ಸೆ ಅಂತ ಯಾಕೆ ಬರೆಯಲಿಲ್ಲ ಎಂದು ಕೇಳಿದ್ದಕ್ಕೆ, ಯಾಂಗ್‌ಟ್ಸೆ ನೋಡದವರೇ ಜಾಸ್ತಿ, ಆದರೆ ಎಲ್ಲರ ಊರ ಪಕ್ಕವೂ ಒಂದು ನದಿ ಇರುತ್ತದೆ ಅಂದರಂತೆ. ನಾನು ಮೊದಲು ‘ಮಹಾನದಿ’ ಅಂತ ಬರೆದಿದ್ದೆ. ನೋಡಿದರೆ ಒಡಿಶಾಕ್ಕೆ ಹೋಗಿ ಕೂತಿತ್ತು! ಆಮೇಲೆ ‘ದೊಡ್ಡ ಹೊಳೆ’ ಮಾಡಿದೆ.

ಇನ್ನು ಸೇಬು. ಸುರಂಗದಲ್ಲಿ ನೀರಿಲ್ಲ, ಎಲ್ಲರ ಗಂಟಲೂ ಒಣಗಿದೆ. ಸಿಕ್ಕಿದ್ದು ಒಂದೇ ಒಂದು ಸೇಬು. ಅದು ಕೈಯಿಂದ ಕೈಗೆ ದಾಟುತ್ತಾ ಹೋಗುತ್ತದೆ. ಅಷ್ಟು ಜನರ ಕೈ ದಾಟಿದರೂ ಮುಗಿಯುವುದಿಲ್ಲ. ಯಾರೂ ತ್ಯಾಗ, ದೇಶ ಅಂತ ಭಾಷಣ ಬಿಗಿಯುವುದಿಲ್ಲ. ಪರದೆಯ ಕೆಳಗೆ ಖಾಲಿ ಬಿಡಲು ನನಗೆ ಕೈ ಬರಲಿಲ್ಲ. ಕಂಸದಲ್ಲಿ ‘ಸೇಬನ್ನು ಪಕ್ಕದವನಿಗೆ ಕೊಡುತ್ತಾನೆ’, ‘ಎಲ್ಲರೂ ಮೌನ’ ಅಂತೆಲ್ಲ ತುಂಬಿಸಿದೆ. ಮೊದಲ ಸಲ ಹಾಕಿ ತೋರಿಸಿದಾಗ ಅಕ್ಕ ಅರ್ಧಕ್ಕೇ ನಿಲ್ಲಿಸಿದಳು.

“ಅಲ್ವೋ, ನಮಗೇನು ಕಣ್ಣಿಲ್ವಾ?”

ಆ ದೃಶ್ಯದ ಕಂಸದ ಸಾಲುಗಳು ಹನ್ನೊಂದಿದ್ದವು. ಅವಳ ಮುಂದೆಯೇ ಕೂತು ಹನ್ನೊಂದನ್ನೂ ಅಳಿಸಿದೆ.