ಹಾಡಿ ಎಂದರೆ ಕಾಡೋ ಊರೋ: ಒಂದು ಪ್ರಾದೇಶಿಕ ಪದದ ಅರ್ಥ ಮತ್ತು ಮೂಲ ಹುಡುಕುವ ಬಗೆ

ಕುಂದಾಪುರದ ಕಡೆಯ ಮನೆಯಂಗಳದಲ್ಲಿ ನಿಂತವರೊಬ್ಬರು ‘ದನ ಹಾಡಿ ಬದಿಗ್ ಹೋಯ್ತ್ ಕಾಣ್’ ಎಂದರೆ, ದನವು ಮನೆಯ ಹಿಂದಿನ ಮರಗಿಡಗಳ ಮರೆಗೆ ಸೇರಿತು ಎಂದು ಕೇಳಿದವರಿಗೆ ತಿಳಿಯುತ್ತದೆ. ಅದೇ ಪದವನ್ನು ಹೆಗ್ಗಡದೇವನಕೋಟೆಯ ಕಡೆ ‘ನಮ್ ಹಾಡೀಲಿ ಇಪ್ಪತ್ ಮನೆ ಅವೆ’ ಎಂಬ ಮಾತಿನಲ್ಲಿ ಕೇಳಿದಾಗ ಅದು ಜೇನುಕುರುಬರೋ ಬೆಟ್ಟಕುರುಬರೋ ಬಾಳುವ ಊರು. ಒಂದೆಡೆ ಯಾರೂ ಮನೆ ಕಟ್ಟದ ಜಾಗ, ಇನ್ನೊಂದೆಡೆ ಮನೆಗಳೇ ಇರುವ ಜಾಗ. ಇಂತಹ ಪದವೊಂದು ಕೈಗೆ ಸಿಕ್ಕಾಗ ಅದರ ಅರ್ಥಗಳನ್ನು ಒಟ್ಟುಮಾಡುವುದು ಹೇಗೆ, ಮೂಲವನ್ನು ಪರೀಕ್ಷಿಸುವುದು ಹೇಗೆ ಎಂಬುದನ್ನು ‘ಹಾಡಿ’ಯನ್ನೇ ಮಾದರಿಯಾಗಿ ಇಟ್ಟುಕೊಂಡು ಇಲ್ಲಿ ವಿವರಿಸಿದ್ದೇನೆ. ಇದಕ್ಕೆ ಭಾಷಾವಿಜ್ಞಾನದ ಪದವಿ ಬೇಕಿಲ್ಲ. ಒಂದು ನೋಟುಪುಸ್ತಕ, ನಾಲ್ಕೈದು ನಿಘಂಟುಗಳು ಮತ್ತು ಮೂಲದ ಬಗ್ಗೆ ಆತುರಪಡದ ಮನಸ್ಸು ಇದ್ದರೆ ಸಾಕು.

ಆತುರದ ಮಾತನ್ನು ಮೊದಲೇ ಹೇಳುವುದಕ್ಕೆ ಕಾರಣವಿದೆ. ಪದದ ಹಿಂದೆ ಬೀಳುವ ಬಹುತೇಕರು ‘ಇದು ಎಲ್ಲಿಂದ ಬಂತು’ ಎಂಬ ಪ್ರಶ್ನೆಯಿಂದ ಶುರುಮಾಡುತ್ತಾರೆ. ಅದು ಕೊನೆಗೆ ಕೇಳಬೇಕಾದ ಪ್ರಶ್ನೆ. ಯಾರು, ಎಲ್ಲಿ, ಯಾವುದನ್ನು ಈ ಹೆಸರಿನಿಂದ ಕರೆಯುತ್ತಾರೆ ಎಂಬ ನಕ್ಷೆ ಸಿದ್ಧವಾಗುವ ಮುನ್ನ ಮೂಲವನ್ನು ಹುಡುಕಿದರೆ, ಸಿಕ್ಕ ಮೂಲಕ್ಕೆ ಹೊಂದುವ ಅರ್ಥವನ್ನು ಮಾತ್ರ ನಾವು ಉಳಿಸಿಕೊಳ್ಳುತ್ತೇವೆ, ಹೊಂದದ್ದನ್ನು ‘ಅಪಭ್ರಂಶ’ ಎಂದು ಬದಿಗೆ ಸರಿಸುತ್ತೇವೆ.

ಆದ್ದರಿಂದ ಕೇಳಿದ ಪದವನ್ನು ಒಂಟಿಯಾಗಿ ಬರೆದುಕೊಳ್ಳಬೇಡಿ. ಪೂರ್ತಿ ವಾಕ್ಯವನ್ನು, ಅದು ಕಿವಿಗೆ ಬಿದ್ದಂತೆಯೇ, ಗ್ರಂಥಸ್ಥ ಕನ್ನಡಕ್ಕೆ ತಿದ್ದದೆ ಬರೆದುಕೊಳ್ಳಿ. ಜೊತೆಗೆ ಊರು, ತಾಲ್ಲೂಕು, ಮಾತಾಡಿದವರ ಕಸುಬು ಮತ್ತು ಅಂದಾಜು ವಯಸ್ಸು ಇರಲಿ, ಹೆಸರಿನ ಅಗತ್ಯವಿಲ್ಲ. ‘ಹಾಡಿ ಎಂದರೇನು’ ಎಂದು ನೇರವಾಗಿ ಕೇಳಿದರೆ ‘ಹಾಡಿ ಅಂದ್ರೆ ಕಾಡು’ ಎಂಬ ಮೊಟಕು ಉತ್ತರ ಬರುತ್ತದೆ, ಏಕೆಂದರೆ ಕೇಳುವವರು ಪಟ್ಟಣದವರೆಂದು ಕಂಡು ಹಿರಿಯರು ತಮ್ಮ ಪದಕ್ಕೆ ಪಟ್ಟಣದ ಪದವನ್ನು ಕೊಟ್ಟು ಮುಗಿಸುತ್ತಾರೆ. ಅದರ ಬದಲು ‘ನಿಮ್ಮ ಹಾಡಿ ಎಲ್ಲಿಂದ ಎಲ್ಲಿಯವರೆಗೆ’, ‘ಅಲ್ಲಿಂದ ಏನು ತರುತ್ತೀರಿ’, ‘ಗುಡ್ಡೆಗೂ ಹಾಡಿಗೂ ಏನು ವ್ಯತ್ಯಾಸ’ ಎಂದು ಕೇಳಬೇಕು. ಈ ಮೂರನೆಯ ಬಗೆಯ ಪ್ರಶ್ನೆಯೇ ಎಲ್ಲಕ್ಕಿಂತ ಹೆಚ್ಚು ಫಲ ಕೊಡುವುದು. ಪದದ ಅರ್ಥವಿರುವುದು ಅದರ ನೆರೆಯ ಪದಗಳೊಂದಿಗಿನ ಗಡಿಯಲ್ಲಿ. ಹಾಡಿ, ಗುಡ್ಡೆ, ಹಕ್ಕಲು, ಬೆಟ್ಟು, ಬನ ಇವುಗಳನ್ನು ಒಂದೇ ಸಾಲಿನಲ್ಲಿ ಬರೆದು ಒಂದರಿಂದ ಇನ್ನೊಂದನ್ನು ಬಿಡಿಸಿ ಹೇಳಿಸಿಕೊಂಡಾಗಲೇ ಕರಾವಳಿಯ ಹಾಡಿ ದಟ್ಟ ಅಡವಿಯಲ್ಲ, ಮನೆಗೆ ಹತ್ತಿರದ, ಸೊಪ್ಪುಸೌದೆಗೆ ಒದಗುವ ಮರಗಿಡಗಳ ಜಾಗ ಎಂಬುದು ಸ್ಪಷ್ಟವಾಗುತ್ತದೆ.

ಮುಂದಿನ ಕೆಲಸ ಅರ್ಥಗಳನ್ನು ನೆಲದ ಮೇಲೆ ಹರಡುವುದು. ‘ಹಾಡಿ’ಯ ವಿಷಯದಲ್ಲಿ ನಕ್ಷೆ ಸುಮಾರಾಗಿ ಹೀಗೆ ಬರುತ್ತದೆ. ಉಡುಪಿ ಜಿಲ್ಲೆಯ ಕನ್ನಡ ಮಾತಿನ ಭಾಗದಲ್ಲಿ ಮೇಲೆ ಹೇಳಿದ ಅರ್ಥ. ಘಟ್ಟ ಹತ್ತಿದರೆ ಮಲೆನಾಡಿನಲ್ಲಿ ‘ಹಾಡ್ಯ’ ಎಂಬ ರೂಪ ಸಿಗುತ್ತದೆ. ಅದು ಊರಿಗೂ ಗದ್ದೆಗೂ ಹತ್ತಿರದ, ದನಕರು ಬಿಡುವ ಕುರುಚಲು ಕಾಡು. ಮೈಸೂರು ಜಿಲ್ಲೆಯ ಕಾಡಂಚು ಮತ್ತು ಕೊಡಗಿನಲ್ಲಿ ಹಾಡಿ ಎಂದರೆ ಆದಿವಾಸಿಗಳ ನೆಲೆ; ಸರ್ಕಾರಿ ಕಾಗದಗಳು ಕೂಡ ‘ಗಿರಿಜನ ಹಾಡಿ’ ಎಂದೇ ಬರೆಯುತ್ತವೆ, ನಾಗರಹೊಳೆಯ ನಾಣಚ್ಚಿ ಗದ್ದೆ ಹಾಡಿಯಂತೆ ಊರ ಹೆಸರಿನಲ್ಲಿಯೂ ಅದು ನಿಂತಿದೆ. ಗಡಿ ದಾಟಿ ವಯನಾಡಿಗೆ ಹೋದರೆ ಚಹಾ ತೋಟದ ಕೂಲಿಕಾರರ ಸಾಲುಮನೆಗಳಿಗೆ ‘ಪಾಡಿ’ ಎನ್ನುತ್ತಾರೆ, ನಮ್ಮ ಕಾಫಿ ತೋಟಗಳಲ್ಲಿ ‘ಲೈನ್ ಮನೆ’ ಎನ್ನುವಂತೆ. ತಮಿಳಿನಲ್ಲಿ ‘ಪಾಡಿ’ ಎಂದರೆ ಊರು, ಅದರಲ್ಲಿಯೂ ದನಗಾಹಿಗಳ ಊರು. ಆಂಡಾಳ್ ರಚಿಸಿದ ತಿರುಪ್ಪಾವೈಯ ಮೊದಲ ಪದ್ಯದಲ್ಲಿಯೇ ಗೋಕುಲಕ್ಕೆ ‘ಆಯ್ಪ್ಪಾಡಿ’ ಎಂಬ ಹೆಸರಿದೆ, ಆಯರ್ ಎಂದರೆ ಗೊಲ್ಲರು.

ಇಂತಹ ನಕ್ಷೆಯಲ್ಲಿ ಜನರು ಮರೆತುಬಿಡುವ ಒಂದು ಆಕರವಿದೆ, ಅದು ಭೂಕಂದಾಯದ ಕಾನೂನು. 1964ರ ಕರ್ನಾಟಕ ಭೂಕಂದಾಯ ಅಧಿನಿಯಮದ 79ನೆಯ ಪ್ರಕರಣವು ರೈತರಿಗೆ ರೂಢಿಯಿಂದ ಬಂದ ಸವಲತ್ತುಗಳನ್ನು ಉಳಿಸುವಾಗ ಜಮೀನಿನ ಬಗೆಗಳನ್ನು ಸ್ಥಳೀಯ ಹೆಸರಿನಿಂದಲೇ ಕರೆಯುತ್ತದೆ: ದಕ್ಷಿಣ ಕನ್ನಡದ ಕುಮ್ಕಿ, ಬಾಣೆ, ಕಾನೆ; ಉತ್ತರ ಕನ್ನಡದ ಬೆಟ್ಟ ಮತ್ತು ಹಾಡಿ; ಹಳೆಯ ಮೈಸೂರು ಭಾಗದ ಕಾನು ಮತ್ತು ಸೊಪ್ಪಿನಬೆಟ್ಟ; ಕೊಡಗಿನ ಜಮ್ಮಾ ಮತ್ತು ಬಾಣೆ. ಕನ್ನಡದ ನೆಲಪದಗಳ ಇಷ್ಟು ಒಳ್ಳೆಯ ಪಟ್ಟಿ ಒಂದೇ ವಾಕ್ಯದಲ್ಲಿ ಬೇರೆಲ್ಲೂ ನನಗೆ ಕಂಡಿಲ್ಲ. ಆದರೆ ಇದನ್ನು ಓದುವಾಗ ಒಂದು ಎಚ್ಚರ ಬೇಕು. ಆಗ ದಕ್ಷಿಣ ಕನ್ನಡಕ್ಕೆ ಸೇರಿದ್ದ ಕುಂದಾಪುರದವರ ಬಾಯಲ್ಲಿ ಹಾಡಿ ಧಾರಾಳವಾಗಿ ಇದ್ದರೂ ಕಾನೂನು ಅದನ್ನು ಉತ್ತರ ಕನ್ನಡಕ್ಕೆ ಮಾತ್ರ ಹೇಳುತ್ತದೆ. ಹಿಂದೆ ಒಂದೇ ಆಗಿದ್ದ ಕೆನರಾ ಜಿಲ್ಲೆಯ ಉತ್ತರ ಭಾಗ 1862ರಲ್ಲಿ ಮುಂಬಯಿ ಆಡಳಿತಕ್ಕೆ ಸೇರಿತು, ದಕ್ಷಿಣ ಭಾಗ ಮದರಾಸಿನಲ್ಲಿ ಉಳಿಯಿತು. ಎರಡು ಕಡೆಯ ಕಂದಾಯ ದಫ್ತರಗಳು ಬೇರೆ ಬೇರೆ ದಾರಿ ಹಿಡಿದವು. ದಫ್ತರದಲ್ಲಿ ಒಂದು ಪದ ಇಲ್ಲ ಎಂದ ಮಾತ್ರಕ್ಕೆ ಆ ಊರಿನಲ್ಲಿಯೂ ಇಲ್ಲ ಎಂದು ತೀರ್ಮಾನಿಸಬಾರದು.

ಈಗ ನಿಘಂಟುಗಳನ್ನು ತೆರೆಯಬಹುದು. ಕಿಟ್ಟೆಲ್ ಅವರ 1894ರ ನಿಘಂಟು ಮತ್ತು ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಮೊದಲು. ಬಳಿಕ ಉಡುಪಿಯ ಗೋವಿಂದ ಪೈ ಸಂಶೋಧನ ಕೇಂದ್ರದ ಆರು ಸಂಪುಟಗಳ ತುಳು ನಿಘಂಟು, ಮಲಯಾಳಕ್ಕೆ ಗುಂಡರ್ಟ್ ಅವರ 1872ರ ನಿಘಂಟು, ಮತ್ತು ದ್ರಾವಿಡ ಭಾಷೆಗಳಲ್ಲಿ ಒಂದೇ ಮೂಲದಿಂದ ಬಂದ ಪದಗಳನ್ನು ಒಟ್ಟಿಗೆ ಕೊಡುವ ಬರೋ–ಎಮೆನೋ ಅವರ ದ್ರಾವಿಡ ಜ್ಞಾತಿಪದಕೋಶ. ಕೊನೆಯದರ 1984ರ ಎರಡನೆಯ ಆವೃತ್ತಿಯನ್ನೇ ಬಳಸಿ. ಅದು ಷಿಕಾಗೊ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ನಿಘಂಟುಗಳ ಜಾಲತಾಣದಲ್ಲಿ ಉಚಿತವಾಗಿ ಸಿಗುತ್ತದೆ.

ಹುಡುಕುವಾಗ ‘ಹ’ಕಾರದಲ್ಲಿ ಮಾತ್ರ ನೋಡಿ ಕೈಬಿಡುವುದು ಎಲ್ಲರೂ ಮಾಡುವ ತಪ್ಪು. ಸುಮಾರು 10ನೇ ಶತಮಾನದ ಆಸುಪಾಸಿನಿಂದ ಕನ್ನಡದ ಪದಾದಿಯ ‘ಪ’ಕಾರ ‘ಹ’ಕಾರವಾಗುತ್ತ ಬಂತು: ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪಳ್ಳಿ ಹಳ್ಳಿಯಾಯಿತು. ತುಳು, ತಮಿಳು, ಮಲಯಾಳಗಳಲ್ಲಿ ‘ಪ’ಕಾರ ಉಳಿದುಕೊಂಡಿತು. ಹಾಗಾಗಿ ‘ಹ’ದಿಂದ ಮೊದಲಾಗುವ ಅಚ್ಚಕನ್ನಡ ಪದದ ಹಳೆಯ ರೂಪವನ್ನು ‘ಪ’ದಲ್ಲಿಯೂ ನೋಡಲೇಬೇಕು. ಹಾಡಿಯ ಹಿಂದೆ ಪಾಡಿ ಇದೆ ಎಂದು ಒಮ್ಮೆ ಹೊಳೆದರೆ ಉಡುಪಿಯ ಅಂಬಲಪಾಡಿ, ಪುತ್ತೂರಿನ ಕಡೆಯ ಬೆಳ್ಳಿಪ್ಪಾಡಿ, ಕೊಡಗಿನ ಕಕ್ಕಬ್ಬೆಯ ಬಳಿಯ ಪಾಡಿ ಇಗ್ಗುತ್ತಪ್ಪನ ನೆಲೆ, ಇವೆಲ್ಲ ಒಮ್ಮೆಲೇ ಮಾತಾಡತೊಡಗುತ್ತವೆ. ಆದರೆ ಸ್ಥಳನಾಮ ಪದದ ರೂಪವನ್ನು ಕಾಪಾಡುತ್ತದೆಯೇ ಹೊರತು ಅರ್ಥವನ್ನಲ್ಲ. ಅಂಬಲಪಾಡಿಯ ‘ಪಾಡಿ’ ಊರೋ ತೋಪೋ ಎಂಬುದನ್ನು ಆ ಹೆಸರೊಂದೇ ಹೇಳಲಾರದು.

ಧ್ವನಿಯ ನಿಯಮವನ್ನು ಪದಗಳನ್ನು ಸೇರಿಸಿಕೊಳ್ಳಲು ಬಳಸಿದಷ್ಟೇ ನಿಷ್ಠುರವಾಗಿ ಹೊರಗಿಡಲೂ ಬಳಸಬೇಕು. ಯಾರಾದರೂ ‘ಹಾಡಿ ಎಂದರೆ ಹಾಳುಬಿದ್ದ ಜಾಗ, ಹಾಳು ಎಂಬುದರಿಂದಲೇ ಬಂದಿದೆ’ ಎನ್ನಬಹುದು. ಅರ್ಥ ಕೇಳಲು ಹಿತವಾಗಿಯೇ ಇದೆ. ಆದರೆ ‘ಹಾಳು’ ಪದದ ಹಳೆಯ ರೂಪ ‘ಪಾೞ್’. ಹಳಗನ್ನಡದ ಈ ‘ೞ’ಕಾರ ಮುಂದೆ ಕನ್ನಡದಲ್ಲಿ ಸಾಮಾನ್ಯವಾಗಿ ‘ಳ’ಕಾರದಲ್ಲಿ ಲೀನವಾಯಿತು, ‘ಡ’ಕಾರವಾಗಲಿಲ್ಲ. ಅದು ಡಕಾರವಾದದ್ದು ತೆಲುಗಿನಲ್ಲಿ. ಅಲ್ಲಿ ಹಾಳಿಗೆ ‘ಪಾಡು’ ಎನ್ನುತ್ತಾರೆ. ಆದ್ದರಿಂದ ಕುಂದಾಪುರದ ಹಾಡಿಗೆ ಈ ವಿವರಣೆ ಒಪ್ಪುವುದಿಲ್ಲ, ಆದರೆ ತೆಲುಗು ಗಡಿಯ ಊರ ಹೆಸರೊಂದರಲ್ಲಿ ‘ಪಾಡು’ ಕಂಡರೆ ಇದನ್ನು ನೆನಪಿಟ್ಟುಕೊಳ್ಳಬೇಕಾಗುತ್ತದೆ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು ತಮ್ಮ ನೆಲೆಯನ್ನು ‘ಪೋಡು’ ಎನ್ನುವುದನ್ನು ಕೇಳಿದಾಗಲೂ ಇದೇ ಎಚ್ಚರ ಬೇಕು. ಅರ್ಥ ಹಾಡಿಯದೇ ಆದರೂ ಸ್ವರ ಬೇರೆ. ‘ಆ’ಕಾರ ‘ಓ’ಕಾರವಾದುದಕ್ಕೆ ಬೇರೆ ಪದಗಳಿಂದ ಸಾಕ್ಷಿ ತೋರಿಸದೆ ಎರಡನ್ನೂ ಒಂದೇ ಬುಟ್ಟಿಗೆ ಹಾಕಬಾರದು.

‘ಕಾಡಿನ ಜನ ಹಾಡು ಹಾಡಿಕೊಂಡು ಇರುತ್ತಾರೆ, ಅದಕ್ಕೇ ಹಾಡಿ’ ಎಂಬ ಮಾತನ್ನಂತೂ ನಗುತ್ತ ಕೇಳಿ ಬರೆದುಕೊಳ್ಳಿ, ಆದರೆ ಬೇರೆ ಪುಟದಲ್ಲಿ. ಕ್ರಿಯಾಪದದ ‘ಹಾಡಿ’ ಬಂದಿರುವುದು ‘ಪಾಡು’ ಧಾತುವಿನಿಂದ, ನೆಲೆಯ ‘ಹಾಡಿ’ ನಾಮಪದ. ತಮಿಳಿನಲ್ಲಿಯೂ ಎರಡೂ ‘ಪಾಡಿ’ಗಳು ಅಕ್ಕಪಕ್ಕದಲ್ಲಿ ಇವೆ, ಈ ಹೋಲಿಕೆ ಕನ್ನಡದಲ್ಲಿ ನಿನ್ನೆ ಮೊನ್ನೆ ಹುಟ್ಟಿದ್ದಲ್ಲ. ಇಂಗ್ಲಿಷ್ ಲಿಪಿಯ ನಕ್ಷೆ, ಪಟ್ಟಿಗಳಿಂದ ಊರ ಹೆಸರು ಎತ್ತುವವರಿಗೆ ಇನ್ನೊಂದು ಹೊಂಡವಿದೆ: ಅಲ್ಲಿ ‘ಹಾಡಿ’ಯೂ ‘ಹಾದಿ’ಯೂ ಒಂದೇ ಕಾಗುಣಿತ. ಊರವರ ಬಾಯಿಂದಲೋ ಕನ್ನಡದ ಪಹಣಿಯಿಂದಲೋ ಖಚಿತಪಡಿಸಿಕೊಳ್ಳದ ಹೆಸರನ್ನು ಲೆಕ್ಕಕ್ಕೆ ಹಿಡಿಯಬೇಡಿ.

ಶಾಸನಗಳನ್ನು ನೋಡಬಲ್ಲವರು ಇನ್ನೊಂದು ಹೆಜ್ಜೆ ಮುಂದೆ ಹೋಗಬಹುದು. ಗಂಗವಾಡಿ 96,000, ನೊಳಂಬವಾಡಿ 32,000 ಎಂದು ಕನ್ನಡ ಶಾಸನಗಳು ಹೇಳುವ ನಾಡುಗಳನ್ನು ರಾಜರಾಜ ಚೋಳನ (ಆಳ್ವಿಕೆ 985–1014) ತಮಿಳು ಪ್ರಶಸ್ತಿಯು, ಅಂದರೆ ಶಾಸನದಲ್ಲಿ ರಾಜನನ್ನು ಹೊಗಳುವ ಭಾಗವು, ಗಂಗಪಾಡಿ, ನುಳಂಬಪಾಡಿ ಎನ್ನುತ್ತದೆ. ಸಮಾಸದ ಉತ್ತರಪದದ ‘ಪ’ಕಾರ ‘ವ’ಕಾರವಾಗುವುದು ಕನ್ನಡದಲ್ಲಿ ಸಹಜ, ಬೆಮರ್ ಮತ್ತು ಪನಿ ಸೇರಿ ಬೆಮರ್ವನಿ ಆಗುವುದನ್ನು ಶಾಲೆಯ ವ್ಯಾಕರಣದಲ್ಲಿಯೇ ಓದಿರುತ್ತೇವೆ. ಹಾಗಾದರೆ ಗಂಗವಾಡಿಯ ‘ವಾಡಿ’ ನಮ್ಮ ಪಾಡಿಯೇ? ಇರಬಹುದು, ಆದರೆ ಮರಾಠಿಯ ‘ವಾಡಿ’, ಉತ್ತರ ಕನ್ನಡದ ಗೌಳಿಗಳ ‘ವಾಡಾ’, ಉತ್ತರ ಕರ್ನಾಟಕದ ದೇಸಾಯಿಗಳ ‘ವಾಡೆ’ ಇವುಗಳ ಹಿಂದೆ ಸಂಸ್ಕೃತದ ‘ವಾಟ’ ಇದೆ. ತಮಿಳರು ಕಿವಿಗೆ ಬಿದ್ದ ‘ವಾಡಿ’ಯನ್ನು ತಮಗೆ ಪರಿಚಿತವಾದ ‘ಪಾಡಿ’ಯಾಗಿ ಬರೆದುಕೊಂಡಿರಲೂ ಸಾಧ್ಯ. ರಾಜರಾಜನ ಪ್ರಶಸ್ತಿ ಒಬ್ಬ ಒಳ್ಳೆಯ ಸಾಕ್ಷಿ, ತೀರ್ಪು ಅಲ್ಲ. ನೋಟುಪುಸ್ತಕದಲ್ಲಿ ‘ಖಚಿತ’, ‘ಸಂಭವ’, ‘ಊಹೆ’ ಎಂಬ ಮೂರು ಗುರುತುಗಳನ್ನು ಇಟ್ಟುಕೊಳ್ಳುವುದು ಇಂತಹ ಸಂದರ್ಭಕ್ಕಾಗಿಯೇ.

ಇನ್ನು ಉಳಿದದ್ದು ಮೊದಲಿನ ತೊಡಕು: ಊರಿನ ಅರ್ಥವೂ ಕಾಡಿನ ಅರ್ಥವೂ ಒಂದೇ ಪದದ್ದೇ, ಅಥವಾ ಎರಡು ಪದಗಳು ಉಚ್ಚಾರದಲ್ಲಿ ಒಂದಾದವೇ? ಇದಕ್ಕೆ ನಿಘಂಟಿಗಿಂತ ಸಮಾಂತರ ಪದವೊಂದು ಹೆಚ್ಚು ಸಹಾಯ ಮಾಡುತ್ತದೆ. ‘ಹಟ್ಟಿ’ಯನ್ನು ನೋಡಿ. ಕರಾವಳಿಯಲ್ಲಿ ಹಟ್ಟಿ ಎಂದರೆ ದನದ ಕೊಟ್ಟಿಗೆ. ಚಿತ್ರದುರ್ಗದ ಕಡೆಯ ಗೊಲ್ಲರಹಟ್ಟಿ ಜನವಸತಿ. ನೀಲಗಿರಿಯ ಬಡಗರಿಗೆ ಹಟ್ಟಿಯೇ ಊರು. ದನ ಕಟ್ಟುವ ಜಾಗದ ಹೆಸರು ದನಗಾಹಿಗಳ ಊರಿಗೂ ಸಲ್ಲುವುದು ನಮ್ಮ ನೆಲದಲ್ಲಿ ಹೊಸದಲ್ಲ. ತಮಿಳಿನ ಪಾಡಿ ದನಗಾಹಿಗಳ ಊರು, ಮಲೆನಾಡಿನ ಹಾಡ್ಯ ದನಕರು ಬಿಡುವ ಕುರುಚಲು. ಬೀಡುಬಿಟ್ಟ ಜಾಗದ ಹೆಸರು ಅದರ ಸುತ್ತಲಿನ ಮೇವಿನ ನೆಲಕ್ಕೆ ಹಬ್ಬಿ, ಬೀಡು ಎದ್ದುಹೋದ ಕಡೆ ನೆಲದ ಅರ್ಥ ಮಾತ್ರ ಉಳಿದು, ಜನ ನೆಲೆನಿಂತ ಕಡೆ ಊರಿನ ಅರ್ಥ ಗಟ್ಟಿಯಾಯಿತು ಎಂಬ ವಿವರಣೆಯ ಕಡೆಗೆ ನನ್ನ ಒಲವಿದೆ. ನನ್ನ ಪುಸ್ತಕದಲ್ಲಿ ಅದರ ಮುಂದೆ ‘ಸಂಭವ’ ಎಂಬ ಗುರುತು ಇದೆ, ‘ಹಾಡಿ ಪಾಡಿಯ ಮುಂದಿನ ರೂಪ’ ಎಂಬುದರ ಮುಂದೆ ‘ಖಚಿತ’ ಇದೆ.

ಎಲ್ಲ ಮುಗಿದ ಮೇಲೆ ನಮೂದು ಬರೆಯುವಾಗ ರೂಪ, ಉಚ್ಚಾರ, ಪ್ರದೇಶವಾರು ಅರ್ಥ, ಕೇಳಿದ ವಾಕ್ಯ, ನೆರೆಯ ಪದಗಳೊಂದಿಗಿನ ವ್ಯತ್ಯಾಸ ಇವು ಮೊದಲು ಬರಲಿ. ಮೂಲ ಕೊನೆಯ ಎರಡು ಸಾಲಿನಲ್ಲಿ, ಗುರುತಿನ ಸಮೇತ ಇರಲಿ. ಬರೆದದ್ದನ್ನು ವಾಕ್ಯ ಕೊಟ್ಟವರ ಮುಂದೆ ಒಮ್ಮೆ ಓದಿ ಹೇಳಿ, ಆ ಜಾಗದಲ್ಲಿಯೇ ನಿಂತು ಓದಿದರೆ ಇನ್ನೂ ಒಳ್ಳೆಯದು. ನೀವು ಬೆರಳು ತೋರಿಸಿದ ಕಡೆಗೆ ನೋಡಿ ಅವರು ‘ಅದ್ ಹಾಡಿ ಅಲ್ಲ ಮಾರಾಯ್ರೆ, ಹಕ್ಲ್’ ಎಂದರೆ, ನಿಘಂಟು ಏನೇ ಹೇಳಲಿ, ನಕ್ಷೆಯಲ್ಲಿ ಗೆರೆಯನ್ನು ಅಲ್ಲಿಯೇ ತಿದ್ದಿ ಎಳೆಯಿರಿ.