ಒಬ್ಬರೇ ಮೂರು ಪಾತ್ರ ಮಾಡಬೇಕಾ? ಹೀಗೆ ಮಾಡಿ

ವಿಗ್ಗು, ಮೀಸೆ ಆಮೇಲೆ ತಂದರಾಯಿತು. ಮೊದಲು ಪಾತ್ರಗಳ ನಡುವೆ ಒಂದು ಜಟಾಪಟಿ ಹುಡುಕಿ. ನನ್ನ ಕಿರುಚಿತ್ರಗಳಲ್ಲಿ ಜಾಸ್ತಿ ಬರುವವರು ಮೂವರು: ಬದಿಯಡ್ಕ ಕಡೆಯ ಅಡಿಕೆ ತೋಟದ ಮಾವ, ಗಲ್ಫಿನಿಂದ ರಜೆಗೆ ಬಂದ ಅಳಿಯ, ಬರೀ ಮಲಯಾಳ ಬರುವ ಗುಮಾಸ್ತ. ಮಾವನ ಕೈಗೆ ಮಲಯಾಳದ ಅರ್ಜಿ ಫಾರಂ ಕೊಟ್ಟರೆ ಕಥೆ ತಾನಾಗಿ ಓಡುತ್ತದೆ. ಕಾಸರಗೋಡಿನಲ್ಲಿ ಇದಕ್ಕೆ ಕಲ್ಪನೆಯೇ ಬೇಡ.

ಪಾತ್ರಕ್ಕೊಂದು ವಸ್ತು, ಒಂದು ಚಾಳಿ ಸಾಕು. ಮಾವನ ಹೆಗಲಲ್ಲಿ ಬೈರಾಸು, ಬಾಯಲ್ಲಿ ಎಲೆಅಡಿಕೆ. ನಿಜವಾಗಿಯೂ ಜಗಿಯಿರಿ. ರಸ ಚೆಲ್ಲಬಾರದೆಂದು ಗಲ್ಲ ಮೇಲೆತ್ತುತ್ತೀರಿ, ತುಟಿ ಅರ್ಧವೇ ತೆರೆಯುತ್ತೀರಿ. ಸ್ವರ ಅಲ್ಲೇ ಬದಲಾಯಿತು! ಗುಮಾಸ್ತ ಕನ್ನಡಕದ ಮೇಲಿಂದ ನೋಡುತ್ತಾನೆ, ಅಷ್ಟೇ.

ಇನ್ನು ಮುಖ್ಯ ವಿಷಯ. ಪ್ರತಿ ಪಾತ್ರವೂ ಸುಮ್ನೆ ಕೂತು ಕೇಳಿಸಿಕೊಳ್ಳುವ ಶಾಟನ್ನು ಬೇರೆಯೇ ತೆಗೆದಿಡಿ. ಗುಮಾಸ್ತ "ಫಾರಂ ಪೂರಿಪ್ಪಿಚ್ಚೋ?" ಎನ್ನುತ್ತಾನೆ, ತುಂಬಿಸಿದ್ದೀರಾ ಅಂತ. ಕಿವಿ ಮಂದವಾದ ಮಾವ "ಪೂರಿ ಬೇಡ, ಈಗ ಚಾ ಕುಡಿದೇ ಬಂದದ್ದು" ಎನ್ನುತ್ತಾನೆ. ನಗು ಬರುವುದು ಈ ಮಾತಿಗಿಂತ, ಅದನ್ನು ಕೇಳಿದ ಗುಮಾಸ್ತನ ಮುಖಕ್ಕೆ. ಮಾವನ ಮಾತು ಮುಗಿಯುವ ಮೊದಲೇ ಆ ಮುಖಕ್ಕೆ ಕಟ್ ಮಾಡಿ. ಯಕ್ಷಗಾನದ ಪ್ರಸಂಗವನ್ನು ಕೂತು ಮಾತಿನಲ್ಲೇ ನಡೆಸುವ ತಾಳಮದ್ದಳೆಗೆ ಹೋದರೆ ಗಮನಿಸಿ: ಅಲ್ಲಿ ವೇಷವೇ ಇಲ್ಲ, ಆದರೂ ಎದುರಿನವ ಮಾತಾಡುವಾಗ ಒಳ್ಳೆಯ ಅರ್ಥಧಾರಿ, ಅಂದರೆ ಪಾತ್ರದ ಮಾತಾಡುವವ, ಪಾತ್ರ ಬಿಟ್ಟು ಕೂರುವುದಿಲ್ಲ.

ಒಂದು ಪಾತ್ರದ ಎಲ್ಲ ಶಾಟ್ ಮುಗಿಸಿಯೇ ಬಟ್ಟೆ ಬದಲಿಸಿ. ಎದುರಿನವನ ಕಣ್ಣಿನ ಎತ್ತರಕ್ಕೆ ಗೋಡೆಗೆ ಟೇಪ್ ಅಂಟಿಸಿ ಅದನ್ನೇ ನೋಡಿ. ಮಾವ ಬಲಕ್ಕೆ ನೋಡಿದರೆ ಗುಮಾಸ್ತ ಎಡಕ್ಕೆ ನೋಡಬೇಕು. ಇಲ್ಲದಿದ್ದರೆ ಇಬ್ಬರೂ ಹೊರಗೆ ಹೋಗುವ ಬಸ್ಸು ನೋಡುತ್ತಿರುವಂತೆ ಕಾಣುತ್ತದೆ. ಫೋನಿನ ಫೋಕಸ್, ಎಕ್ಸ್‌ಪೋಶರ್ (ಬೆಳಕಿನ ಪ್ರಮಾಣ) ಎರಡನ್ನೂ ಲಾಕ್ ಮಾಡಿ. ನಮ್ಮ ಕರೆಂಟು 50 ಹರ್ಟ್ಸ್, ಹಾಗಾಗಿ ಟ್ಯೂಬ್‌ಲೈಟಿನ ಕೆಳಗೆ ಶಟರ್ ವೇಗ 1/50 ಅಥವಾ 1/100 ಸೆಕೆಂಡಿಗೆ ಇಡಿ, ಮಿಣುಕುವುದಿಲ್ಲ.

ಇಬ್ಬರನ್ನೂ ಒಟ್ಟಿಗೆ ತೋರಿಸಬೇಕಾದರೆ ಟ್ರೈಪಾಡ್ ಮುಟ್ಟಲೇಬೇಡಿ. ಎರಡು ಸಲ ತೆಗೆದು, ಎಡಿಟಿಂಗ್ ಆ್ಯಪಿನಲ್ಲಿ ಮಾಸ್ಕ್ ಹಾಕಿ, ಅಂದರೆ ಚಿತ್ರದ ಒಂದು ಭಾಗ ಮರೆಮಾಡಿ, ಅರ್ಧರ್ಧ ಜೋಡಿಸಿ. ಜೋಡಣೆಯ ಗೆರೆ ಬಾಗಿಲ ದಾರಂದದ ಮೇಲೆ ಬಂದರೆ ಯಾರಿಗೂ ಗೊತ್ತಾಗುವುದಿಲ್ಲ. ಕೈ ಮಾತ್ರ ಗೆರೆ ದಾಟಬಾರದು, ದಾಟಿದರೆ ಮಾಯ! 1921ರಲ್ಲೇ ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್ ಲೆನ್ಸನ್ನು ಭಾಗ ಭಾಗವಾಗಿ ಮುಚ್ಚಿ, ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಸುತ್ತಿ ಓಡಿಸಿ, ಒಂದೇ ಶಾಟಿನಲ್ಲಿ ಒಂಬತ್ತು ಮಂದಿಯಾಗಿ ಕೂತಿದ್ದ. ನಮ್ಮದು ಬೆರಳಿನ ಕೆಲಸ.

ಗುಮಾಸ್ತನ ಮಲಯಾಳವನ್ನು ಆ ಭಾಷೆಯವರೊಬ್ಬರಿಗೆ ಕೇಳಿಸಿ ಸರಿಮಾಡಿಕೊಳ್ಳಿ. ಅರ್ಧಂಬರ್ಧ ಮಲಯಾಳ ಹಾಸ್ಯವಲ್ಲ, ಗೇಲಿ. ಅವನ ಮಾತಿಗೆ ಕನ್ನಡ ಸಬ್‌ಟೈಟಲ್ ಹಾಕಿ, ಬೆಂಗಳೂರಿನವರೂ ನೋಡುತ್ತಾರಲ್ವಾ? ಮಾವನ ಉತ್ತರಕ್ಕೆ ಮಾತ್ರ ಬೇಡ. ಅವನು ಬಾಯಿ ತೆರೆಯುವ ಮೊದಲೇ ಜನ ಓದಿಬಿಡುತ್ತಾರೆ.