ಕಂಪ್ಯೂಟರ್‌ಗೆ ಸ್ಟೇರಿಂಗ್ ಕಾಣದಿದ್ದರೆ ಮೊದಲು ಗೋಡೆ ಕಡೆ ನೋಡಿ

"ಕಾಕಾ, ಸ್ಟೇರಿಂಗ್ ತೋರಸವಲ್ದು."

ಹೋದ ಭಾನುವಾರ ಬೆಳಿಗ್ಗೆ ಹುಬ್ಬಳ್ಳಿಯ ವಿದ್ಯಾನಗರದಿಂದ ಅಣ್ಣನ ಮಗನ ಫೋನು. ಕಾರಿನ ಸ್ಟೇರಿಂಗ್ ಅಲ್ಲ, ಕಂಪ್ಯೂಟರ್‌ನಲ್ಲಿ ಗೇಮ್ ಆಡುವ ಸ್ಟೇರಿಂಗ್. ಕಾಲ ಕೆಳಗೆ ಪೆಡಲ್ ಬೇರೆ. ಯಾರದೋ ಕೈಯಿಂದ ಸೆಕೆಂಡ್ ಹ್ಯಾಂಡ್ ತಂದಿದ್ದ. ವಾಯವ್ಯ ಸಾರಿಗೆ ಬಸ್ಸಿನ ಬಣ್ಣ ಬಳಿದ ಬಸ್ಸನ್ನು ಪರದೆ ಮೇಲೆ ಓಡಿಸಬೇಕು ಅನ್ನುವುದು ಅವನ ಬಹಳ ದಿನದ ಆಸೆ. ನಾನು ಹೋಗುವಷ್ಟರಲ್ಲಿ ಡ್ರೈವರ್ ಅನ್ನು, ಅಂದರೆ ಸ್ಟೇರಿಂಗನ್ನು ವಿಂಡೋಸ್‌ಗೆ ಪರಿಚಯ ಮಾಡಿಸುವ ಸಾಫ್ಟ್‌ವೇರನ್ನು, ಮೂರು ಸಲ ಹಾಕಿ ತೆಗೆದಿದ್ದ. ವಿಂಡೋಸನ್ನೇ ಹೊಸದಾಗಿ ಹಾಕುವುದಕ್ಕೆ ಪೆನ್‌ಡ್ರೈವ್ ತಯಾರು ಮಾಡಿಕೊಂಡು ಕೂತಿದ್ದ.

ತಪ್ಪು ಇದ್ದದ್ದು ಮೇಜಿನ ಕೆಳಗೆ, ಅಡಾಪ್ಟರ್‌ನಲ್ಲಿ. ಅದರ ಕಥೆಗೆ ಆಮೇಲೆ ಬರುತ್ತೇನೆ.

ಸ್ಟೇರಿಂಗ್ ಕೆಲಸ ಮಾಡಬೇಕಾದರೆ ಕರೆಂಟು, ಕೇಬಲ್ಲು, ಸ್ಟೇರಿಂಗ್ ಮೇಲಿನ ಮೋಡ್ ಸ್ವಿಚ್ಚು, ವಿಂಡೋಸು, ಡ್ರೈವರು, ಗೇಮು, ಇಷ್ಟೂ ಸರಿ ಇರಬೇಕು. ನೋಡುವುದೂ ಇದೇ ಸಾಲಿನಲ್ಲಿ. ನಾವೆಲ್ಲ ಮಾಡುವುದು ಉಲ್ಟಾ. ಡ್ರೈವರ್‌ಗೆ ಕೈ ಹಾಕಿ ಅರ್ಧ ದಿನ ಕಳೆದ ಮೇಲೆ ಪ್ಲಗ್ ಕಡೆ ನೋಡುತ್ತೇವೆ.

ಅಡಾಪ್ಟರ್ ಇದೆಯೋ ಇಲ್ಲವೋ

ನಿಮ್ಮ ಸ್ಟೇರಿಂಗ್ ಯಾವ ಜಾತಿಯದು ಅಂತ ಮೊದಲು ತಿಳಿದುಕೊಳ್ಳಿ. ಕಡಿಮೆ ಬೆಲೆಯವು ಸಾಮಾನ್ಯವಾಗಿ ಯುಎಸ್‌ಬಿ ಕೇಬಲ್ಲಿನಿಂದಲೇ ಕರೆಂಟ್ ಎಳೆದುಕೊಳ್ಳುತ್ತವೆ. ಒಳಗೆ ರಬ್ಬರೋ ಸ್ಪ್ರಿಂಗೋ ಇರುತ್ತದೆ, ಗುದ್ದಿದಾಗ ಗಡಗಡ ಅನ್ನುತ್ತವೆ, ಅಷ್ಟೇ. ದುಬಾರಿಯವುಗಳಲ್ಲಿ ಮೋಟರ್ ಇರುತ್ತದೆ. ಗುಂಡಿ ಬಂದರೆ ಕೈಗೆ ಜಗ್ಗುತ್ತದೆ, ತಿರುವಿನಲ್ಲಿ ಸ್ಟೇರಿಂಗ್ ಭಾರವಾಗುತ್ತದೆ. ಇದಕ್ಕೆ ಫೋರ್ಸ್ ಫೀಡ್‌ಬ್ಯಾಕ್ ಅನ್ನುತ್ತಾರೆ.

ಸಾಮಾನ್ಯ ಯುಎಸ್‌ಬಿ 2 ಪೋರ್ಟ್ ಕೊಡುವುದು 5 ವೋಲ್ಟ್, 500 ಮಿಲಿ ಆಂಪಿಯರ್. ಲೆಕ್ಕ ಹಾಕಿದರೆ ಎರಡೂವರೆ ವಾಟ್. ಯುಎಸ್‌ಬಿ 3 ಆದರೆ 900 ಮಿಲಿ ಆಂಪಿಯರ್, ಅಂದರೆ ನಾಲ್ಕೂವರೆ ವಾಟ್. ಕೈಯನ್ನೇ ತಿರುವಿಬಿಡುವ ಮೋಟರ್‌ಗೆ ಇದು ಎಲ್ಲಿ ಸಾಕಾಗಬೇಕು? ಅದಕ್ಕೇ ಇಂಥವಕ್ಕೆ ಪ್ರತ್ಯೇಕ ಅಡಾಪ್ಟರ್ ಕೊಡುತ್ತಾರೆ. ಲಾಜಿಟೆಕ್ ಕಂಪನಿಯ ಜಿ29 ಅನ್ನುವ ಸ್ಟೇರಿಂಗಿಗೆ ಬರುವುದು 24 ವೋಲ್ಟಿನದು.

ಈಗ ಹುಡುಗನ ಕಥೆ. ಅಡಾಪ್ಟರ್ ಇತ್ತು, ಪ್ಲಗ್ ಹಾಕಿತ್ತು, ಪಿನ್ನೂ ಸರಿಯಾಗಿ ಕೂತಿತ್ತು, ಸ್ಟೇರಿಂಗ್ ಮೇಲೆ ಸಣ್ಣ ದೀಪ ಬೇರೆ ಮಿಣಮಿಣ ಅನ್ನುತ್ತಿತ್ತು. ಆದರೆ ಸ್ಟೇರಿಂಗ್ ತಾನಾಗಿ ತಿರುಗುತ್ತಿರಲಿಲ್ಲ. ಅಡಾಪ್ಟರ್ ಕಿತ್ತು ಬೆಳಕಿಗೆ ಹಿಡಿದು ಅದರ ಬೆನ್ನಿನ ಸಣ್ಣ ಅಕ್ಷರ ಓದಿದೆ. ಔಟ್‌ಪುಟ್ 12 ವೋಲ್ಟ್. ಸ್ಟೇರಿಂಗಿನ ಹೊಟ್ಟೆ ಕೆಳಗಿನ ಚೀಟಿಯಲ್ಲಿ ಬರೆದದ್ದು 24 ವೋಲ್ಟ್. ಮಾರಿದವರ ಮನೆಯಲ್ಲಿ ವೈಫೈ ಡಬ್ಬಿಯ ಅಡಾಪ್ಟರೂ ಇದೂ ಅದಲುಬದಲಾಗಿತ್ತು. ಕಪ್ಪು ಡಬ್ಬಿ, ಕಪ್ಪು ವೈರು, ಒಂದೇ ಥರದ ಪಿನ್ನು, ಯಾರಿಗೆ ಗೊತ್ತಾಗಬೇಕು! ಆ ಮನೆಯ ವೈಫೈ ಡಬ್ಬಿಗೆ 24 ವೋಲ್ಟ್ ಹಾಕಿದ್ದರೆ ಅದರ ಗತಿ ಏನಾಯಿತೋ, ಕೇಳುವ ಧೈರ್ಯ ನನಗೆ ಬರಲಿಲ್ಲ.

ಆದ್ದರಿಂದ ಅಡಾಪ್ಟರಿನ ಚೀಟಿ ಓದಿ. ವೋಲ್ಟ್ ಒಂದೇ ಇರಬೇಕು, ಹೆಚ್ಚೂ ಆಗಬಾರದು ಕಡಿಮೆಯೂ ಆಗಬಾರದು. ಆಂಪಿಯರ್ ಅಷ್ಟೇ ಇರಲಿ, ಜಾಸ್ತಿ ಇದ್ದರೂ ನಡೆಯುತ್ತದೆ, ಕಡಿಮೆ ಬೇಡ. ಅದೇ ಚೀಟಿಯಲ್ಲಿ ಒಂದು ಚುಕ್ಕೆ, ಅದರ ಸುತ್ತ ಅರ್ಧ ಗೆರೆ, ಎರಡು ಬದಿಗೆ ಪ್ಲಸ್ಸು ಮೈನಸ್ಸು ಇರುವ ಚಿತ್ರ ಇರುತ್ತದೆ. ಪಿನ್ನಿನ ನಡುವೆ ಪ್ಲಸ್ ಇದೆಯೋ ಮೈನಸ್ ಇದೆಯೋ ಅಂತ ಹೇಳುವುದು ಅದು. ಅದೂ ಸ್ಟೇರಿಂಗಿನ ಚೀಟಿಗೆ ಹೊಂದಬೇಕು.

ಚೀಟಿ ಸರಿ ಇದ್ದರೆ ಎಕ್ಸ್‌ಟೆನ್ಷನ್ ಬೋರ್ಡ್ ಬಿಟ್ಟು ನೇರ ಗೋಡೆಯ ಪ್ಲಗ್ಗಿಗೆ ಹಾಕಿ ನೋಡಿ. ವರ್ಷಗಟ್ಟಲೆ ಮಿಕ್ಸರು, ಇಸ್ತ್ರಿ ಪೆಟ್ಟಿಗೆ ಹಾಕಿ ತೆಗೆದು ಸಡಿಲಾದ ಬೋರ್ಡಿನಲ್ಲಿ ಪ್ಲಗ್ ಅಲ್ಲಾಡುತ್ತಿರುತ್ತದೆ. ಕರೆಂಟ್ ಹೋಗಿ ಬಂದ ಮೇಲೆ ಸ್ಟೇರಿಂಗ್ ಮಂಕಾಗಿ ಕೂತಿದ್ದರೆ ಯುಎಸ್‌ಬಿ, ಅಡಾಪ್ಟರ್ ಎರಡನ್ನೂ ಕಿತ್ತು ಅರ್ಧ ನಿಮಿಷ ಬಿಟ್ಟು ಮತ್ತೆ ಹಾಕಿ.

ಮೋಟರ್ ಇರುವ ಸ್ಟೇರಿಂಗ್ ಸರಿಯಾಗಿ ಎದ್ದರೆ ಸುಮ್ನೆ ಕೂರುವುದಿಲ್ಲ. ಎಡಕ್ಕೆ ಪೂರ್ತಿ, ಬಲಕ್ಕೆ ಪೂರ್ತಿ ತಿರುಗಿ ನಡುವೆ ಬಂದು ನಿಲ್ಲುತ್ತದೆ. ಜಿ29 ತುದಿಯಿಂದ ತುದಿಗೆ 900 ಡಿಗ್ರಿ, ಅಂದರೆ ಎರಡೂವರೆ ಸುತ್ತು ತಿರುಗುತ್ತದೆ. ಆಗ ಕೈ ದೂರ ಇಡಿ, ಚಹಾದ ಕಪ್ಪನ್ನೂ. ಕೆಲವು ಮಾಡೆಲ್‌ಗಳು ಡ್ರೈವರ್ ಬಂದ ಮೇಲೆ ಮಾತ್ರ ಹೀಗೆ ತಿರುಗುತ್ತವೆ. ಹಾಗಾಗಿ ತಿರುಗಲಿಲ್ಲ ಅಂದಕೂಡಲೇ ಮೋಟರ್ ಸುಟ್ಟಿತು ಅಂತ ಗಾಬರಿ ಬೇಡ.

ಕೇಬಲ್ಲು ಮತ್ತು ಪೋರ್ಟು

ಸ್ಪೀಕರ್ ಸೌಂಡ್ ಏರಿಸಿ ಯುಎಸ್‌ಬಿ ಹಾಕಿ. ವಿಂಡೋಸ್‌ಗೆ ಏನೋ ಸಿಕ್ಕಿತು ಅಂದರೆ ಕೆಳಗಿನಿಂದ ಮೇಲಕ್ಕೆ ಏರುವ ಎರಡು ಸ್ವರದ ಸದ್ದು ಬರುತ್ತದೆ. ಕಿತ್ತಾಗ ಇಳಿಯುವ ಸದ್ದು. ಯಾವ ಸದ್ದೂ ಇಲ್ಲದಿದ್ದರೆ ವಿಂಡೋಸ್ ತನಕ ಸುದ್ದಿಯೇ ಮುಟ್ಟಿಲ್ಲ ಅಂತ ತಿಳಿಯಿರಿ. ಡ್ರೈವರ್ ಎಷ್ಟು ಸಲ ಹಾಕಿದರೂ ಉಪಯೋಗ ಇಲ್ಲ. ಆಟದ ನಡುವೆ ಸದ್ದು ಮೇಲಿಂದ ಮೇಲೆ ಬರುತ್ತಿದ್ದರೆ ಎಲ್ಲೋ ಸಡಿಲಾಗಿದೆ.

ಮೇಜಿನ ಪಿಸಿ ಆದರೆ ಮುಂದಿನ ಪೋರ್ಟ್ ಬಿಟ್ಟು ಹಿಂದಿನದಕ್ಕೆ ಹಾಕಿ. ಮುಂದಿನ ಪೋರ್ಟುಗಳು ಒಳಗೆ ತೆಳ್ಳಗಿನ ವೈರಿನಿಂದ ಬಂದಿರುತ್ತವೆ, ಹಿಂದಿನವು ಮದರ್‌ಬೋರ್ಡ್ ಮೇಲೆಯೇ ಕೂತಿರುತ್ತವೆ. ಒಂದು ಪೋರ್ಟನ್ನು ಹಲವು ಮಾಡುವ ಹಬ್ ಇದ್ದರೆ ತೆಗೆಯಿರಿ. ನೀಲಿ ಪೋರ್ಟಿನಲ್ಲಿ ಆಗದಿದ್ದರೆ ಕಪ್ಪು ಪೋರ್ಟಿನಲ್ಲಿ, ಕಪ್ಪಿನಲ್ಲಿ ಆಗದಿದ್ದರೆ ನೀಲಿಯಲ್ಲಿ ನೋಡಿ. ಕೇಬಲ್ ಗಿಡ್ಡವಾಯಿತು ಅಂತ ಎಕ್ಸ್‌ಟೆನ್ಷನ್ ಕೇಬಲ್ ಸೇರಿಸಿದ್ದರೆ ಅದನ್ನೂ ಬಿಡಿಸಿ. ಯುಎಸ್‌ಬಿ 2 ಕೇಬಲ್ಲಿಗೆ 5 ಮೀಟರ್ ಮಿತಿ. ಅಗ್ಗದ ಕೇಬಲ್ಲು ಅದಕ್ಕಿಂತ ಮೊದಲೇ ಕೈ ಎತ್ತುತ್ತದೆ.

ಧಾರವಾಡದ ಕಡೆಯ ಧೂಳು ನಿಮಗೆ ಗೊತ್ತೇ ಇದೆ. ಮೂರ್ನಾಲ್ಕು ತಿಂಗಳು ಖಾಲಿ ಬಿದ್ದ ಪೋರ್ಟಿನಲ್ಲಿ ಟಾರ್ಚ್ ಹಾಕಿ ನೋಡಿದರೆ ಕೆಂಪಗೆ ಒಂದು ಪದರ ಕಾಣುತ್ತದೆ. ಕಂಪ್ಯೂಟರ್ ಆಫ್ ಮಾಡಿ ಒಣಗಿದ ಮೆತ್ತನೆಯ ಬ್ರಶ್ಶಿನಿಂದ ತೆಗೆಯಿರಿ. ಬಾಯಿಂದ ಊದಬೇಡಿ, ಉಗುಳಿನ ತೇವ ಹೋಗುತ್ತದೆ.

ಇನ್ನು ಇಲಿ. ನಗಬೇಡಿ. ಕೇಬಲ್ಲಿನ ಉದ್ದಕ್ಕೂ ಬೆರಳು ಓಡಿಸಿ, ಹಲ್ಲಿನ ಗುರುತು ಇದೆಯೇ ನೋಡಿ. ಸ್ಟೇರಿಂಗಿನಿಂದ ವೈರು ಹೊರಗೆ ಬರುವ ಕುತ್ತಿಗೆಯ ಜಾಗವನ್ನು ಹಗುರವಾಗಿ ಆಚೆ ಈಚೆ ಬಾಗಿಸಿ. ಬಾಗಿಸಿದಾಗ ದೀಪ ಹತ್ತಿ ಆರಿದರೆ ಕಡಿದದ್ದು ಅಲ್ಲೇ. ಯುಎಸ್‌ಬಿ 2 ಕೇಬಲ್ಲಿನೊಳಗೆ ನಾಲ್ಕು ವೈರು. ಕೆಂಪು ಕಪ್ಪು ಕರೆಂಟಿಗೆ, ಹಸಿರು ಬಿಳಿ ಸುದ್ದಿಗೆ. ಹಸಿರೋ ಬಿಳಿಯೋ ಕಡಿದರೆ ದೀಪ ಹತ್ತುತ್ತದೆ, ಕಂಪ್ಯೂಟರ್‌ಗೆ ಮಾತ್ರ ಏನೂ ಗೊತ್ತಾಗುವುದಿಲ್ಲ. "ಲೈಟ್ ಬರ್ತದ, ಆದ್ರ ತೋರಸವಲ್ದು" ಅನ್ನುವವರು ಇದನ್ನು ತಪ್ಪದೆ ನೋಡಬೇಕು.

ಸ್ಟೇರಿಂಗ್ ಕಂಡು ಪೆಡಲ್ ಮಾತ್ರ ಕಾಣದಿದ್ದರೆ ಪೆಡಲಿನ ಪ್ಲಗ್ ನೋಡಿ. ಜಿ29ರಲ್ಲಿ ಅದು ಒಂಬತ್ತು ಪಿನ್ನಿನದು. ಕತ್ತಲಲ್ಲಿ ಒತ್ತಿ ತುರುಕಿದರೆ ಒಂದು ಪಿನ್ ಬಗ್ಗಿ ಪಕ್ಕದ್ದಕ್ಕೆ ಒರಗಿಬಿಡುತ್ತದೆ. ಪ್ಲಕ್ಕರಿನಿಂದ ನಿಧಾನಕ್ಕೆ ನೆಟ್ಟಗೆ ಮಾಡಬಹುದು. ಒಂದೇ ಸಲಕ್ಕೆ ಮಾಡಿ, ಮತ್ತೆ ಮತ್ತೆ ಬಗ್ಗಿಸಿದರೆ ಮುರಿಯುತ್ತದೆ.

ಇಷ್ಟಾಗಿಯೂ ಆಗದಿದ್ದರೆ ಸ್ಟೇರಿಂಗ್ ಎತ್ತಿಕೊಂಡು ಪಕ್ಕದ ಮನೆಯ ಕಂಪ್ಯೂಟರ್‌ಗೆ ಹಾಕಿ. ಅಲ್ಲಿ ಸದ್ದು ಬಂದರೆ ತಪ್ಪು ನಿಮ್ಮ ಕಂಪ್ಯೂಟರ್‌ನದು, ಬರದಿದ್ದರೆ ಸ್ಟೇರಿಂಗಿನದು. ಹತ್ತು ನಿಮಿಷದ ಕೆಲಸ, ಅರ್ಧ ದಿನ ಉಳಿಯುತ್ತದೆ. ನನ್ನ ಕೇಳಿದರೆ ಈ ಲೇಖನದಲ್ಲಿ ಇದೊಂದನ್ನೇ ನೆನಪಿಟ್ಟುಕೊಂಡರೂ ಸಾಕು.

ಮೋಡ್ ಸ್ವಿಚ್ಚು

ಟಿವಿಗೆ ಹಾಕಿ ಗೇಮ್ ಆಡುವ ಪ್ಲೇಸ್ಟೇಷನ್ ಡಬ್ಬಿಗೂ ಕಂಪ್ಯೂಟರ್‌ಗೂ ನಡೆಯುವ ಸ್ಟೇರಿಂಗಿನಲ್ಲಿ ಪಿಎಸ್3, ಪಿಎಸ್4 ಅಂತ ಸರಿಸುವ ಸ್ವಿಚ್ ಇರುತ್ತದೆ. ಥ್ರಸ್ಟ್‌ಮಾಸ್ಟರ್ ಕಂಪನಿಯ ಟಿ300 ಸ್ಟೇರಿಂಗ್ ಕಂಪ್ಯೂಟರ್‌ನಲ್ಲಿ ನಡೆಯಬೇಕಾದರೆ ಅದು ಪಿಎಸ್3 ಕಡೆ ಇರಬೇಕು. ಜಿ29ರಲ್ಲೂ ಇಂಥ ಸ್ವಿಚ್ ಇದೆ. ಒಂದು ಕಡೆ ಕಾಣದಿದ್ದರೆ ಇನ್ನೊಂದು ಕಡೆ ಸರಿಸಿ. ಸರಿಸುವ ಮೊದಲು ಯುಎಸ್‌ಬಿ ಕಿತ್ತು, ಸರಿಸಿ, ಮತ್ತೆ ಹಾಕಿ.

ಅಗ್ಗದವುಗಳಲ್ಲಿ ಸ್ವಿಚ್ಚಿನ ಬದಲು ಒತ್ತಿ ಹಿಡಿಯುವ ಬಟನ್ ಇರುತ್ತದೆ. ಸ್ಟೇರಿಂಗ್ ಗೇಮಿನ ಜೊತೆ ಮಾತಾಡುವುದಕ್ಕೆ ಎಕ್ಸ್‌ಇನ್‌ಪುಟ್, ಡೈರೆಕ್ಟ್‌ಇನ್‌ಪುಟ್ ಅಂತ ಎರಡು ಭಾಷೆ, ಬಟನ್ ಒತ್ತಿ ಹಿಡಿದರೆ ಭಾಷೆ ಬದಲಾಗುತ್ತದೆ. ಹಳೆಯ ಗೇಮುಗಳಿಗೆ ಡೈರೆಕ್ಟ್‌ಇನ್‌ಪುಟ್ ಮಾತ್ರ ಗೊತ್ತು. ಯಾವ ಬಟನ್, ಎಷ್ಟು ಸೆಕೆಂಡ್ ಅನ್ನುವುದು ಡಬ್ಬಿಯೊಳಗಿನ ಕಾಗದದಲ್ಲಿ ಇರುತ್ತದೆ. ಆ ಕಾಗದ ರದ್ದಿಗೆ ಹೋಗಿರುತ್ತದೆ ಅನ್ನುವುದೂ ನಿಜ. ಮಾಡೆಲ್ ಹೆಸರು ಹಾಕಿ ಕಂಪನಿಯ ವೆಬ್‌ಸೈಟಿನಲ್ಲಿ ಹುಡುಕಿ.

ವಿಂಡೋಸ್ ಏನು ಹೇಳುತ್ತದೆ

ಕೀಬೋರ್ಡಿನಲ್ಲಿ ವಿಂಡೋಸ್ ಕೀ ಜೊತೆ ಆರ್ ಒತ್ತಿ. ಸಣ್ಣ ಪೆಟ್ಟಿಗೆ ಬರುತ್ತದೆ. ಅದರಲ್ಲಿ ಇಂಗ್ಲಿಷಿನಲ್ಲಿ ಜೆ, ಓ, ವೈ, ಒಂದು ಚುಕ್ಕೆ, ಸಿ, ಪಿ, ಎಲ್ ಅಂತ ಜಾಗ ಬಿಡದೆ ಟೈಪ್ ಮಾಡಿ ಎಂಟರ್ ಒತ್ತಿ. ಗೇಮ್ ಕಂಟ್ರೋಲರ್‌ಗಳ ಪಟ್ಟಿ ತೆರೆಯುತ್ತದೆ. ನಿಮ್ಮ ಸ್ಟೇರಿಂಗಿನ ಹೆಸರು ಅಲ್ಲಿದ್ದರೆ ಪ್ರಾಪರ್ಟೀಸ್ ಒತ್ತಿ, ಸ್ಟೇರಿಂಗ್ ತಿರುಗಿಸಿ, ಪೆಡಲ್ ತುಳಿಯಿರಿ. ಗೆರೆಗಳು ಓಡಾಡಿದರೆ ಕಂಪ್ಯೂಟರ್ ತನಕ ಎಲ್ಲ ಸರಿ, ಉಳಿದದ್ದು ಗೇಮಿನ ಜಗಳ.

ಪಟ್ಟಿಯಲ್ಲಿ ಹೆಸರು ಇಲ್ಲದಿದ್ದರೆ ಸ್ಟಾರ್ಟ್ ಬಟನ್ ಮೇಲೆ ರೈಟ್ ಕ್ಲಿಕ್ ಮಾಡಿ ಡಿವೈಸ್ ಮ್ಯಾನೇಜರ್ ತೆರೆಯಿರಿ. ಹಳದಿ ತ್ರಿಕೋನ ಇದ್ದ ಹೆಸರಿನ ಮೇಲೆ ಡಬಲ್ ಕ್ಲಿಕ್ ಮಾಡಿದರೆ ಒಂದು ಕೋಡ್ ಕಾಣುತ್ತದೆ. 28 ಅಂದರೆ ಡ್ರೈವರ್ ಇಲ್ಲ. 43 ಅಂದರೆ ಆ ವಸ್ತುವೇ ಏನೋ ತೊಂದರೆ ಹೇಳಿಕೊಂಡಿದೆ, ಹಾಗಾಗಿ ವಿಂಡೋಸ್ ಅದನ್ನು ನಿಲ್ಲಿಸಿದೆ. 43 ಬಂದವರು ಮತ್ತೆ ಕೇಬಲ್ಲು, ಪೋರ್ಟಿನ ಕಡೆಗೇ ಹೋಗಬೇಕು. ಅಲ್ಲಿ ಸರಿ ಇದ್ದರೆ ಆ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ ಅನ್‌ಇನ್‌ಸ್ಟಾಲ್ ಕೊಟ್ಟು, ಸ್ಟೇರಿಂಗ್ ಕಿತ್ತು, ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ ಮತ್ತೆ ಹಾಕಿ.

ಚೆನ್ನಾಗಿ ನಡೆಯುತ್ತಿದ್ದದ್ದು ಸ್ವಲ್ಪ ಹೊತ್ತು ಬಿಟ್ಟರೆ ಮಲಗಿಬಿಡುತ್ತದೆ, ಅದರಲ್ಲೂ ಲ್ಯಾಪ್‌ಟಾಪಿನಲ್ಲಿ. ಕರೆಂಟ್ ಉಳಿಸಲು ವಿಂಡೋಸ್ ಯುಎಸ್‌ಬಿ ಪೋರ್ಟನ್ನು ನಿದ್ದೆಗೆ ಕಳಿಸುತ್ತದೆ. ಕಂಟ್ರೋಲ್ ಪ್ಯಾನೆಲ್‌ನ ಪವರ್ ಆಪ್ಷನ್ಸ್ ಒಳಗೆ ಅಡ್ವಾನ್ಸ್ಡ್ ಸೆಟ್ಟಿಂಗ್ಸ್, ಅದರಲ್ಲಿ ಯುಎಸ್‌ಬಿ ಸೆಲೆಕ್ಟಿವ್ ಸಸ್ಪೆಂಡ್ ಅಂತ ಇದ್ದರೆ ಡಿಸೇಬಲ್ ಮಾಡಿ.

ಡ್ರೈವರ್ ಈಗ ಹಾಕಿ

ಡ್ರೈವರ್ ಸರದಿ ಬರುವುದು ಈಗ. ಕಂಪನಿಯ ವೆಬ್‌ಸೈಟಿನಿಂದ ಮಾತ್ರ ಇಳಿಸಿಕೊಳ್ಳಿ. ಲಾಜಿಟೆಕ್‌ನ ಜಿ29, ಜಿ920, ಜಿ923ಕ್ಕೆ ಜಿ ಹಬ್ ಅನ್ನುವ ಸಾಫ್ಟ್‌ವೇರ್. ಜಿ25, ಜಿ27ನಂಥ ಹಳೆಯವಕ್ಕೆ ಲಾಜಿಟೆಕ್ ಗೇಮಿಂಗ್ ಸಾಫ್ಟ್‌ವೇರ್. ಎರಡನ್ನೂ ಒಟ್ಟಿಗೆ ಇಟ್ಟುಕೊಂಡರೆ ಒಂದಕ್ಕೊಂದು ಅಡ್ಡ ಬರಬಹುದು, ಬೇಡದ್ದನ್ನು ತೆಗೆಯಿರಿ. ಥ್ರಸ್ಟ್‌ಮಾಸ್ಟರ್‌ನವರದ್ದು ಬೇರೆ ಕ್ರಮ. ಮೊದಲು ಡ್ರೈವರ್ ಶುರು ಮಾಡಿ, ಅದು ಹೇಳಿದಾಗ ಮಾತ್ರ ಸ್ಟೇರಿಂಗಿನ ಕೇಬಲ್ ಹಾಕಬೇಕು. ಹಾಕಿ ಮುಗಿದ ಮೇಲೆ ಕಂಪ್ಯೂಟರ್ ಒಮ್ಮೆ ರೀಸ್ಟಾರ್ಟ್ ಮಾಡಿ.

ಗೇಮಿನೊಳಗೆ

ಸ್ಟೇರಿಂಗ್ ಮೊದಲು, ಗೇಮ್ ಆಮೇಲೆ. ಗೇಮ್ ಶುರುವಾದ ಮೇಲೆ ಕೇಬಲ್ ಹಾಕಿದರೆ ಎಷ್ಟೋ ಗೇಮುಗಳು ತಿರುಗಿಯೂ ನೋಡುವುದಿಲ್ಲ. ಬೇರೆ ಗೇಮ್‌ಪ್ಯಾಡ್ ಹಾಕಿದ್ದರೆ ಕಿತ್ತಿಡಿ. ಗೇಮ್ ಕೊಂಡು ಆಡುವ ಸ್ಟೀಮ್ ಆ್ಯಪ್‌ನಲ್ಲಿ ಆಡುವವರು ಗೇಮಿನ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನ ಕಂಟ್ರೋಲರ್ ಭಾಗದಲ್ಲಿ ಸ್ಟೀಮ್ ಇನ್‌ಪುಟ್ ಡಿಸೇಬಲ್ ಮಾಡಿ ನೋಡಿ. ಕೆಲವು ಸಲ ಅದು ಸ್ಟೇರಿಂಗನ್ನು ಗೇಮ್‌ಪ್ಯಾಡ್ ಅಂತ ಗೇಮಿಗೆ ಪರಿಚಯ ಮಾಡಿಸಿಬಿಡುತ್ತದೆ.

ಗಾಡಿ ಯಾರೂ ತುಳಿಯದೆ ಅರ್ಧ ಆಕ್ಸಿಲರೇಟರ್‌ನಲ್ಲಿ ಓಡುತ್ತಿದ್ದರೆ ಭೂತ ಹೊಕ್ಕಿಲ್ಲ. ಎಲ್ಲ ಪೆಡಲನ್ನೂ ಒಂದೊಂದು ಸಲ ಪೂರ್ತಿ ತುಳಿದು ಬಿಡಿ. ಒಮ್ಮೆ ತುಳಿಯುವ ತನಕ ಪೆಡಲ್ ಎಲ್ಲಿದೆ ಅಂತ ಗೇಮಿಗೆ ಗೊತ್ತಿರುವುದಿಲ್ಲ. ಬ್ರೇಕು, ಆಕ್ಸಿಲರೇಟರ್ ಒಂದೇ ಗೆರೆಯಲ್ಲಿ ಓಡಾಡಿದರೆ ಕಂಬೈನ್ಡ್ ಪೆಡಲ್ಸ್ ಆಯ್ಕೆ ಆನ್ ಇದೆ, ಆಫ್ ಮಾಡಿ.

ರಿಪೇರಿಗೆ ಒಯ್ಯುವಾಗ

ಸುಟ್ಟ ವಾಸನೆ ಬಂದರೆ, ಎರಡು ಕಂಪ್ಯೂಟರ್‌ನಲ್ಲೂ ಸದ್ದು ಬರದಿದ್ದರೆ ಇನ್ನು ಮನೆಯಲ್ಲಿ ಮಾಡುವುದು ಏನೂ ಇಲ್ಲ. ವಾರಂಟಿ ಇದ್ದರೆ ಸ್ಕ್ರೂ ಮುಟ್ಟಬೇಡಿ, ಕಂಪನಿಗೇ ಹೇಳಿ. ಇಲ್ಲದಿದ್ದರೆ ಅಂಗಡಿಗೆ ಹೋಗುವಾಗ ಸ್ಟೇರಿಂಗ್ ಒಂದನ್ನೇ ಅಲ್ಲ, ಪೆಡಲ್, ಅಡಾಪ್ಟರ್ ಎಲ್ಲ ಒಯ್ಯಿರಿ. ಅಡಾಪ್ಟರ್ ಮರೆತರೆ ಹುಬ್ಬಳ್ಳಿಯ ಕೊಪ್ಪಿಕರ ರಸ್ತೆಯಿಂದ ಮನೆಗೆ ಇನ್ನೊಂದು ಸುತ್ತು ತಪ್ಪಿದ್ದಲ್ಲ. ಏನೇನು ನೋಡಿದ್ದೀರಿ ಅಂತ ಹೇಳಿ: "ಗ್ವಾಡಿ ಪ್ಲಗ್ಗಿಗೆ ಹಾಕಿ ನೋಡೇನ್ರಿ, ಎರಡು ಕಂಪ್ಯೂಟರ್‌ನ್ಯಾಗ ತೋರಸವಲ್ದು, ಕೇಬಲ್ ಬಗ್ಗಿಸಿದ್ರ ಲೈಟ್ ಹೋಗ್ತದ." ಇಷ್ಟು ಕೇಳಿದರೆ ರಿಪೇರಿಯವರು ನೇರ ಆ ಜಾಗಕ್ಕೇ ಕೈ ಹಾಕುತ್ತಾರೆ. ವೈರು ಬದಲಿಸುವುದು ಸಣ್ಣ ಕೆಲಸ, ಬೋರ್ಡ್ ಹೋಗಿದ್ದರೆ ದೊಡ್ಡದು. ಎಷ್ಟಾಗುತ್ತದೆ ಅಂತ ಬಿಚ್ಚುವ ಮೊದಲೇ ಕೇಳಿ.

ನಮ್ಮ ಹುಡುಗನಿಗೆ 24 ವೋಲ್ಟಿನ ಅಡಾಪ್ಟರ್ ಬುಧವಾರ ಸಿಕ್ಕಿತು. ಹಾಕಿದ ಕೂಡಲೇ ಸ್ಟೇರಿಂಗ್ ಗರ್ರನೆ ಎಡಕ್ಕೂ ಬಲಕ್ಕೂ ತಿರುಗಿ, ಮೇಜಿನ ಮೇಲಿದ್ದ ಅವನ ಮೊಬೈಲನ್ನು ನೆಲಕ್ಕೆ ಬೀಳಿಸಿತು.